ಗಾಜಿನ ಗುಂಡಿಯ ಕೋಟು

ಗೌರವದಿಂದ ನಾವೆಲ್ಲ ದೋನ್ಯಾ ಎನ್ನುತ್ತಿದ್ದ ಕಸಿಲ್ದಾ ಬೀದಿಯಲ್ಲಿ ನಡೆಯುವಾಗ ಪಕ್ಕದಲ್ಲಿ ಒಬ್ಬರಿಗೆ ಜಾಗ ಬಿಟ್ಟುಕೊಂಡು ನಡೆಯುತ್ತಿದ್ದರು. ಮದ್ರಿದ್ ನಗರದ ಬೀದಿಗಳು ಎಷ್ಟೇ ಇಕ್ಕಟ್ಟಾಗಿರಲಿ, ಟ್ರಾಮಿಗೆ ಓಡುವ ಜನ ಎಷ್ಟೇ ತಳ್ಳಾಡಲಿ, ಅವರು ಗೋಡೆಗೆ ಒತ್ತಿಕೊಂಡು, ಬಲತೋಳನ್ನು ಮೈಯಿಂದ ತುಸು ದೂರ ಹಿಡಿದು, ಸಾವಧಾನವಾಗಿ ಹೆಜ್ಜೆಯಿಡುತ್ತಿದ್ದರು. ಯಾರಾದರೂ ಆ ಖಾಲಿ ಜಾಗಕ್ಕೆ ನುಗ್ಗಿದರೆ ಹುಬ್ಬು ಗಂಟಿಕ್ಕುತ್ತಿದ್ದರು. ಚಳಿಗಾಲ ಬೇಸಿಗೆಯೆನ್ನದೆ ಮೈಮೇಲೆ ಗಂಡಸಿನ ಕಂದು ಬಣ್ಣದ ಉದ್ದ ಕೋಟು. ತೋಳು ಬೆರಳ ತುದಿಯವರೆಗೆ ಇಳಿಯುತ್ತಿತ್ತು, ಅಂಚು ಕಣಕಾಲಿಗೆ ಬಡಿಯುತ್ತಿತ್ತು. ಗುಂಡಿಗಳೆಲ್ಲ ಕೊಂಬಿನವು, ಕತ್ತಿನ ಹತ್ತಿರದ್ದೊಂದು ಮಾತ್ರ ದಪ್ಪ ಗಾಜಿನದು, ಬೆಳಕು ಬಿದ್ದರೆ ಥಳ್ಳೆಂದು ಹೊಳೆಯುತ್ತಿತ್ತು.

ಕೋಟು ಗಂಡ ಫೆರ್ಮಿನ್‌ನದು. ಆತ ನಾಟಕಶಾಲೆಯ ಬಡಗಿ, ಇವರು ಅಲ್ಲಿಯೇ ಹಾಡುವವರು. ಮದುವೆಯ ಕುಣಿತದ ಗದ್ದಲದಲ್ಲಿ ಅವನ ಗುಂಡಿಯೊಂದು ಹಾರಿಹೋದಾಗ, ಕಸಿಲ್ದಾ ತಮ್ಮ ವೇಷದ ಉಡುಪಿನಿಂದ ಈ ಗಾಜಿನದನ್ನು ಕಿತ್ತು ಹೊಲಿದು, "ನಾಳೆ ಬದಲಾಯಿಸ್ತೀನಿ" ಎಂದಿದ್ದರಂತೆ. ಆ ನಾಳೆ ಬರಲೇ ಇಲ್ಲ, ಗಂಡ ಚುಡಾಯಿಸುವುದನ್ನು ಬಿಡಲೂ ಇಲ್ಲ. ಅಷ್ಟರಲ್ಲಿ ದೇಶದೊಳಗೇ ಯುದ್ಧ ಬಂತು. ರಣರಂಗಕ್ಕೆ ಹೊರಟವನು ಕೋಟನ್ನು ಹೆಂಡತಿಯ ಹೆಗಲಿಗೆ ಹೊದಿಸಿ, "ಬಂದು ಇಸ್ಕೋತೀನಿ" ಎಂದ. ಅವನು ಸೇರಿದ್ದು ಸೋತವರ ಕಡೆ. ಸೋತವರೆಲ್ಲ ಹಿಮದಲ್ಲಿ ಬೆಟ್ಟ ದಾಟಿ ಫ್ರಾನ್ಸಿಗೆ ಹೋದರು, ಮರಳಿ ಬಂದರೆ ಗೆದ್ದವರ ಸರ್ಕಾರ ಜೈಲಿಗೆ ಹಾಕುತ್ತಿತ್ತು. ಅಲ್ಲಿಂದಾಚೆ ಅವನ ಸುದ್ದಿಯಿಲ್ಲ.

ಯಾರಾದರೂ ಮರೆತು "ನಿಮ್ಮ ಯಜಮಾನರು ತೀರಿಕೊಂಡ ಮೇಲೆ..." ಎಂದರೆ ಕಸಿಲ್ದಾ ತಕ್ಷಣ ತಿದ್ದುತ್ತಿದ್ದರು: "ಹೊರಗೆ ಹೋಗಿದಾರೆ." ಅಷ್ಟೇ, ಪಕ್ಕದ ಅಂಗಡಿಗೆ ಹೋದವನ ಬಗ್ಗೆ ಹೇಳುವ ದನಿಯಲ್ಲಿ. ಅವನ ಆತ್ಮಕ್ಕೆ ಶಾಂತಿ ಕೋರಿ ಪೂಜೆ ಮಾಡಿಸೋಣವೆಂದ ಪಾದ್ರಿಗೆ, "ಊಟಕ್ಕೆ ತಡವಾಗಿ ಬರೋರಿಗೆಲ್ಲ ಸತ್ತವರ ಪೂಜೆ ಮಾಡಿಸ್ತೀರೇನು ಫಾದರ್?" ಎಂದು ಕೇಳಿ ಬಾಯಿ ಮುಚ್ಚಿಸಿದ್ದರು. ಹೀಗೆ ಮಾತಾಡುವ ಹೆಂಗಸಿಗೂ ಒಳಗೊಳಗೆ ಅನುಮಾನ ಕೊರೆಯುತ್ತಿತ್ತೆಂಬುದು, ಯುದ್ಧದ ನಂತರ ಅವರು ಸಣ್ಣಪುಟ್ಟ ಪಾತ್ರ ಮಾಡುತ್ತಿದ್ದ ಸಿನಿಮಾ ಸ್ಟುಡಿಯೋದಲ್ಲಿ ಅವರ ಮುಖಕ್ಕೆ ಬಣ್ಣ ಹಚ್ಚುತ್ತಿದ್ದ ನನಗೆ ತಿಳಿಯುತ್ತಿತ್ತು. ರೆಪ್ಪೆಗೆ ಕಪ್ಪು ತೀಡುವಾಗ ಕೈಗೆ ಎಷ್ಟೋ ಸಲ ತೇವ ತಾಗಿದೆ.

ನಮ್ಮ ಸ್ಟುಡಿಯೋದಲ್ಲಿ ಆಗ ರಾಜರಾಣಿಯರ ಹಾಡು-ಕುಣಿತದ ಹಾಸ್ಯಚಿತ್ರಗಳಿಗೆ ಬರವಿರಲಿಲ್ಲ. ಇವತ್ತಿನ ದೊರೆಯ ಬಗ್ಗೆ ಪಿಟ್ಟೆನ್ನುವಂತಿಲ್ಲದ ದೇಶದಲ್ಲಿ ಎಂದೋ ಸತ್ತ ದೊರೆಯ ಬಗ್ಗೆ ಹಾಡುವುದೇ ಕ್ಷೇಮ. ಆ ವರ್ಷದ ಕಥೆಯಲ್ಲಿ ಹಳೆಯ ಕಾಲದ ಅರಸನೊಬ್ಬ ವೇಷ ಮರೆಸಿಕೊಂಡು ಊರು ಸುತ್ತಿ, ಕಿತ್ತಳೆ ಮಾರುವ ಹುಡುಗಿಗೆ ಮನಸೋಲುತ್ತಾನೆ. ಹುಡುಗಿಯ ಸೋದರತ್ತೆ, ಬೀದಿಯಲ್ಲಿ ಚೆಸ್ಟ್‌ನಟ್ ಬೀಜ ಹುರಿದು ಮಾರುವವಳು, ಅವನನ್ನು ಗುರುತಿಸದೆ ಹಾಡಿನಲ್ಲಿಯೇ ಬೈದು ಓಡಿಸುತ್ತಾಳೆ. ಸಣ್ಣ ಪಾತ್ರ, ಕಸಿಲ್ದಾ ಯಾವತ್ತೂ ಇಂಥದಕ್ಕೆ ಆಸೆಪಟ್ಟವರಲ್ಲ. ಈ ಸಲ ಮಾತ್ರ ನಿರ್ದೇಶಕ ಬೆರ್ಮೆಹೊನ ಬೆನ್ನು ಬಿದ್ದು ಗಿಟ್ಟಿಸಿಕೊಂಡರು.

"ಈ ಚಿತ್ರ ಫ್ರಾನ್ಸಿಗೂ ಹೋಗುತ್ತಂತೆ, ನಿಜವಾ?" ಎಂದು ನನ್ನನ್ನು ಕೇಳಿದಾಗ ಎಲ್ಲವೂ ಅರ್ಥವಾಯಿತು.

"ಹೋದ್ರೇನಮ್ಮಾ? ಅಲ್ಲಿರೋ ನಮ್ಮವರು ಈ ಸರ್ಕಾರದ ಕಾಲದ ಚಿತ್ರ ಅಂದ್ರೆ ಥೂ ಅಂತಾರಂತೆ" ಎಂದೆ.

"ನಮ್ಮ ಯಜಮಾನರಿಗೆ ಹಾಡು ಅಂದ್ರೆ ಪ್ರಾಣ ಕಣೇ. ಬೈತಾ ಬೈತಾನೇ ಹೋಗಿ ಮುಂದಿನ ಸಾಲಲ್ಲಿ ಕೂತ್ಕೋತಾರೆ."

ಹೆಂಗಸರ ಕತ್ತಿನ ಕೆಳಗೆ ಬೆರಳಷ್ಟು ಚರ್ಮ ಕಂಡರೂ ನಮ್ಮಲ್ಲಿ ಚಿತ್ರ ನಿಲ್ಲುತ್ತಿತ್ತು. ಅದನ್ನು ಕಾಯಲೆಂದೇ ಸರ್ಕಾರದ ಕಡೆಯ ದೋನ್ ಲಿಯಾಂದ್ರೊ ಕುರ್ಚಿ ಹಾಕಿಕೊಂಡು ಕೂತಿರುತ್ತಿದ್ದರು. ಅವರು ಕೆಮ್ಮಿದರೆ ನಾನು ಜಾಲರಿ ಬಟ್ಟೆ ಹಿಡಿದು ಓಡಬೇಕು, ಇದ್ದಬದ್ದ ಕತ್ತುಗಳನ್ನೆಲ್ಲ ಮುಚ್ಚಬೇಕು. ಅಂದು ಕಸಿಲ್ದಾ ಒಲೆ ಊದಲು ಬಗ್ಗಿದ್ದೇ ತಡ, ಕೆಮ್ಮು. ಜಾಲರಿ ಹಾಕಿದೆವು, ಬಗ್ಗಿದಾಗಲೆಲ್ಲ ಅದು ಜಾರಿತು. ಕೆಮ್ಮು ಜೋರಾಯಿತು. ಬೆರ್ಮೆಹೊಗೆ ಸಾಕಾಗಿ ಹೋಯಿತು.

"ಈ ದೃಶ್ಯಾನೇ ತೆಗೆದುಹಾಕ್ತೀನಿ! ಅತ್ತೇನೂ ಬೇಡ, ಒಲೇನೂ ಬೇಡ!"

ಕಸಿಲ್ದಾರ ಮುಖ ಬಿಳಿಚಿಕೊಂಡಿತು. ನಾನು ಹಚ್ಚಿದ್ದ ಬಣ್ಣದಡಿಯಲ್ಲೂ ಅದು ಕಂಡಿತು. ಮರುಕ್ಷಣ ಮೂಲೆಯಲ್ಲಿ ತೂಗುಹಾಕಿದ್ದ ಕೋಟನ್ನು ತಂದು ವೇಷದ ಮೇಲೆಯೇ ತೊಟ್ಟು, ಸೊಂಟಕ್ಕೆ ಕೈಕೊಟ್ಟು ನಿಂತರು.

"ಈಗೇನು ಕಾಣುತ್ತೆ, ದೋನ್ ಲಿಯಾಂದ್ರೊ?"

ದೀಪದವರಿಂದ ಹಿಡಿದು ರಾಜನವರೆಗೆ ಎಲ್ಲರೂ ಬಿದ್ದು ಬಿದ್ದು ನಕ್ಕರು. ಆ ರಾಜನ ಕಾಲದಲ್ಲಿ ಇಂಥ ಕೋಟೆಲ್ಲಿತ್ತೆಂದು ಯಾರೋ ಗೊಣಗಿದರೆ, "ಇಷ್ಟು ನಗು ಬರೋದಾದ್ರೆ ಇತ್ತು ಅಂತಿಟ್ಕೊಳ್ರಿ" ಎಂದ ಬೆರ್ಮೆಹೊ. ದೋನ್ ಲಿಯಾಂದ್ರೊ ಮಾತ್ರ ನಗದೆ ಎದ್ದು ಬಂದು ಗಂಭೀರವಾಗಿ ಪರಿಶೀಲಿಸಿ, "ಮೇಲಿನ ಗುಂಡೀನೂ ಹಾಕ್ಕೊಳ್ಳಿ" ಎಂದು ಅಪ್ಪಣೆ ಕೊಟ್ಟರು. ಕಸಿಲ್ದಾ ಅಷ್ಟು ವಿಧೇಯರಾಗಿದ್ದನ್ನು ನಾನು ಹಿಂದೆ ನೋಡಿರಲಿಲ್ಲ. ಗಾಜಿನ ಗುಂಡಿ ದೀಪದ ಬೆಳಕಿಗೆ ಥಳಥಳಿಸಿತು. ಸೋತು ಓಡಿಹೋದವನ ಕೋಟು ಹೀಗೆ ಸರ್ಕಾರದ ಅಪ್ಪಣೆಯ ಮೇರೆಗೆ ರಾಜನೆದುರು ನಿಂತು ಹಾಡಿತು.

ಚಿತ್ರ ಬಂತು, ಓಡಿತು, ಹಳೆಯದಾಯಿತು. ಕಸಿಲ್ದಾ ಬೀದಿಯಲ್ಲಿ ಜಾಗ ಬಿಡುವುದು ಮಾತ್ರ ನಡೆದೇ ಇತ್ತು. ಒಂದು ಚಳಿಗಾಲದಲ್ಲಿ ನಮ್ಮ ಟ್ರಂಪೆಟ್ ವಾದಕ ಎವಾರಿಸ್ತೊ ಯಾವುದೋ ಕುಣಿತದ ತಂಡದ ಜೊತೆ ಫ್ರಾನ್ಸಿನ ತುಲೂಸ್‌ಗೆ ಹೋಗಿ ಬಂದವನು, ಬಣ್ಣದ ಕೋಣೆಗೆ ಬಂದು ಬಾಗಿಲು ಹಾಕಿಕೊಂಡ.

"ದೋನ್ಯಾ ಕಸಿಲ್ದಾ, ಅಲ್ಲಿ ನಿಮ್ಮ ಚಿತ್ರ ಹಾಕಿದ್ರು. ನೀವು ಬರೋ ಹೊತ್ತಿಗೆ ಮುಂದಿನ ಸಾಲಲ್ಲಿ ಒಬ್ಬ ಎದ್ದು ನಿಂತು, 'ಅದು ನನ್ನ ಕೋಟು! ನನ್ನ ಕೋಟು!' ಅಂತ ಕೂಗಾಡಿದ. ಕೂತ್ಕೊಳ್ಳೋ ಕುಡುಕ ಅಂತ ಹಿಂದಿನವರು ಬೈದ್ರು. ಆಚೆ ಬಂದ್ಮೇಲೆ ಹುಡುಕಿ ಮಾತಾಡಿಸಿದೆ. ಅಳ್ತಾ ಇದ್ದ. ನಿಮಗೊಂದು ಮಾತು ಹೇಳಿದಾನೆ: 'ಆ ಗುಂಡೀನ ಇನ್ನೂ ಬದಲಾಯಿಸಿಲ್ವಲ್ಲ, ಸೋಮಾರಿ.'"

ಕಸಿಲ್ದಾ ಮೊದಲು ನಕ್ಕರು. ಬಹಳ ಹೊತ್ತು ನಕ್ಕರು, ಆಮೇಲೆ ಅದು ನಗುವಾಗಿ ಉಳಿಯಲಿಲ್ಲ. ಕಣ್ಣೊರೆಸಿಕೊಂಡು ಕೇಳಿದ್ದು ಒಂದೇ ಪ್ರಶ್ನೆ.

"ಮೈಮೇಲೆ ಏನು ಹಾಕ್ಕೊಂಡಿದ್ರು?"

"ತೆಳ್ಳಗಿನ ಜಾಕೀಟು, ಅಷ್ಟೆ."

ಕಸಿಲ್ದಾ ಎದ್ದು ಕೋಟು ಬಿಚ್ಚಿದರು. ಮಡಿಸಿ, ಗಾಜಿನ ಗುಂಡಿಯನ್ನು ಒಮ್ಮೆ ಎಳೆದು ಬಿಗಿಯಾಗಿದೆಯೇ ನೋಡಿ, ಎವಾರಿಸ್ತೊನ ಕೈಗಿಟ್ಟರು. "ಮತ್ತೆ ಹೋದಾಗ ಕೊಡಪ್ಪ. ಬಂದು ಇಸ್ಕೋತೀನಿ ಅಂದಿದ್ರು, ಅವರಿಗೆ ಬರೋದಕ್ಕೆ ಬಿಡಲ್ಲ ಈ ಸರ್ಕಾರದವರು. ಚಳಿ ಕಾಯಲ್ಲ." ಅಂದು ಸಂಜೆ ಬರೀ ಶಾಲು ಹೊದ್ದು, ನಡುಗುತ್ತ, ಎಂದಿನಂತೆ ಪಕ್ಕದಲ್ಲಿ ಜಾಗ ಬಿಟ್ಟುಕೊಂಡು ಮನೆಗೆ ನಡೆದರು. ನಾನು ಹಿಂದಿನಿಂದ ನೋಡುತ್ತಿದ್ದೆ. ಆ ಜಾಗ ಮೊದಲ ಬಾರಿಗೆ ಖಾಲಿಯೆನಿಸಲಿಲ್ಲ.

ಇಂಥವರು ಪ್ರತಿ ಚಿತ್ರದಲ್ಲೂ ತೆರೆಯ ಮೂಲೆಯಲ್ಲಿ ಒಲೆ ಊದುತ್ತಲೋ ನೀರು ಸೇದುತ್ತಲೋ ಇರುತ್ತಾರೆ. ನಾವು ರಾಜನನ್ನು ನೋಡುತ್ತ ಅವರನ್ನು ಗಮನಿಸುವುದಿಲ್ಲ. ಅವರಿಗೂ ನಮ್ಮ ಚಿಂತೆಯಿಲ್ಲ. ಕತ್ತಲಲ್ಲಿ ಎಲ್ಲೋ ಕೂತಿರಬಹುದಾದ ಒಬ್ಬರಿಗಾಗಿ ಅವರು ಹಾಡುತ್ತಿರುತ್ತಾರೆ, ಆ ಒಬ್ಬರು ಕೂತಿದ್ದಾರೋ ಇಲ್ಲವೋ ತಿಳಿಯದೆಯೇ ಹಾಡುತ್ತಿರುತ್ತಾರೆ.