ಎಷ್ಟು ಆಳದಲ್ಲಿ ಮಲಗುತ್ತೀರಿ

ಆ ಪ್ರಶ್ನಾವಳಿಯಲ್ಲಿ ಇದ್ದದ್ದು ಹದಿನಾಲ್ಕು ಪ್ರಶ್ನೆ. ಅದರಲ್ಲಿ ಐದು ಕಡೆ ‘ಡೀಪ್ಲಿ’ ಎಂಬ ಇಂಗ್ಲಿಷ್ ಪದ ಕೂತಿತ್ತು. ಡೀಪ್ಲಿ ನಿದ್ದೆ ಬರುತ್ತದೆಯೇ, ಡೀಪ್ಲಿ ಉಸಿರೆಳೆಯಲು ಆಗುತ್ತದೆಯೇ, ಯಾರ ಮಾತಾದರೂ ಡೀಪ್ಲಿ ನೋಯಿಸಿದೆಯೇ, ಒಂದು ವಿಷಯವನ್ನು ಡೀಪ್ಲಿ ಯೋಚಿಸಿದರೆ ಸುಸ್ತಾಗುತ್ತದೆಯೇ, ಆಮೇಲೆ ಒಂಬತ್ತನೆಯದು, ಕೂತಲ್ಲೇ ಅಥವಾ ವಾಹನದಲ್ಲಿ ಡೀಪ್ಲಿ ನಿದ್ದೆ ಹೋದದ್ದು ಉಂಟೇ. ನಿದ್ದೆಯ ತೊಂದರೆ ಇರುವವರನ್ನು ಗುರುತಿಸಲು ಯಾರೋ ವೈದ್ಯರು ಮಾಡಿದ ಪಟ್ಟಿ. ಅದನ್ನು ಕನ್ನಡಕ್ಕೆ ತರುವುದು ನನ್ನ ಪಾಲಿಗೆ ಬಂದ ಕೆಲಸ.

ಈ ಕೆಲಸಕ್ಕೊಂದು ಪದ್ಧತಿ ಇದೆ. ನಾನು ಕನ್ನಡ ಮಾಡಿ ಕಳಿಸಿದ್ದನ್ನು ಇನ್ನೊಬ್ಬರು ಮೂಲವನ್ನು ನೋಡದೆ ಮತ್ತೆ ಇಂಗ್ಲಿಷಿಗೆ ತಿರುಗಿಸುತ್ತಾರೆ. ಅವರು ಯಾರೆಂದು ನನಗೆ ಗೊತ್ತಿಲ್ಲ, ನಾನು ಯಾರೆಂದು ಅವರಿಗೂ ಗೊತ್ತಿಲ್ಲ. ಕೆಲಸ ಕೊಟ್ಟ ಆಫೀಸಿನ ಮೇಡಂ ಎರಡು ಇಂಗ್ಲಿಷನ್ನೂ ಅಕ್ಕಪಕ್ಕ ಇಟ್ಟು ನೋಡುತ್ತಾರೆ. ತಾಳೆಯಾಗದಿದ್ದರೆ ಅಳತೆ ತಪ್ಪಿದ ಅಂಗಿ ದರ್ಜಿಗೆ ವಾಪಸ್ ಬಂದ ಹಾಗೆ ನನಗೆ ವಾಪಸ್.

“ಐದೂ ಕಡೆ ಒಂದೇ ಪದ ಇರಲಿ” ಎಂದಿದ್ದರು ಮೇಡಂ. ಸರಿ ಎಂದು ಐದೂ ಕಡೆ ‘ಆಳವಾಗಿ’ ಎಂದು ಬರೆದೆ. ಮೊದಲ ಪ್ರಶ್ನೆ ಇಂಗ್ಲಿಷಿಗೆ ಹೋಗಿ ತಿರುಗಿ ಬಂದಾಗ ಅದರ ಅರ್ಥ ಹೀಗಾಗಿತ್ತು: ನೀವು ಎಷ್ಟು ಆಳದಲ್ಲಿ ಮಲಗುತ್ತೀರಿ?

ನನ್ನ ಮಗಳಿಗೆ ಹದಿಮೂರು ವರ್ಷ. ಏನು ಹೇಳಿದರೂ ವಾದಕ್ಕೆ ನಿಲ್ಲುತ್ತಾಳೆಂದು ಮನೆಯಲ್ಲಿ ಅವಳನ್ನು ವಕೀಲೆ ಅಂತಲೇ ಕರೆಯುವುದು. ನನ್ನ ಹೆಗಲ ಮೇಲಿಂದ ಓದಿ ನಕ್ಕಳು.

“ಅಮ್ಮಾ, ಇದು ಬಾವಿ ಒಳಗೆ ಮಲಗೋರಿಗೆ ಕೇಳೋ ಪ್ರಶ್ನೆ.”

“ಹಾಗಾದ್ರೆ ನೀನೇ ಹೇಳು.”

“ಗಾಢ ನಿದ್ದೆ ಅಂತಾರಲ್ಲ.”

ನಿದ್ದೆಗೆ ಗಾಢವಾಗಿ, ಉಸಿರಿಗೆ ದೀರ್ಘವಾಗಿ, ನೋವಿಗೆ ತೀವ್ರವಾಗಿ, ಯೋಚನೆಗೆ ಮಾತ್ರ ಆಳವಾಗಿ ಎಂದು ಹಂಚಿದೆ. ಮೇಡಂ ಫೋನ್ ಮಾಡಿ, “ಒಂದು ಪದ ಕೊಟ್ಟರೆ ನಾಲ್ಕು ಪದ ಕೊಡ್ತೀರಲ್ಲ” ಎಂದರು. ಗಾಢ ಹೋಗಿ ‘ದಟ್ಟ’ವಾಗಿ ಬಂದಿತ್ತಂತೆ, ತೀವ್ರ ಹೋಗಿ ‘ಚುರುಕು’ ಆಗಿತ್ತಂತೆ. ನಾನು ಏನು ಹೇಳಲಿ. ಇಂಗ್ಲಿಷಿನವರು ನಿದ್ದೆಗೂ ನೋವಿಗೂ ಒಂದೇ ಪಾತ್ರೆ ಇಟ್ಟುಕೊಂಡಿದ್ದಾರೆ. ನಮ್ಮ ಅಡುಗೆಮನೆಯಲ್ಲಿ ಒಂದೊಂದಕ್ಕೆ ಒಂದೊಂದು. ಕೊನೆಗೆ ಮೇಡಂ, “ಮನೆಯಲ್ಲಿ ದೊಡ್ಡವರು ಇಬ್ಬರಿಗಾದ್ರೂ ಓದಿ ಹೇಳಿ. ಅವರ ಉತ್ತರ ನಮಗೆ ಬೇಡ. ಪ್ರಶ್ನೆ ಹೇಗೆ ಅರ್ಥ ಆಯ್ತು ಅನ್ನೋದಷ್ಟೇ ಬರೆದು ಕಳಿಸಿ” ಎಂದರು.

ನಮ್ಮ ಮನೆಯಲ್ಲಿ ದೊಡ್ಡವರೆಂದರೆ ಅತ್ತೆ ಮತ್ತು ಇವರು.

ಅತ್ತೆ ಕಿಟಕಿಯ ಪಕ್ಕ ಕೂತು ಸೊಪ್ಪು ಬಿಡಿಸುತ್ತಿದ್ದರು. ನಾನು ಹಾಳೆ ಹಿಡಿದು ಕೆಳಗೆ ಕೂತೆ.

“ಅತ್ತೆ, ನಿಮಗೆ ಗಾಢವಾಗಿ ನಿದ್ದೆ ಬರುತ್ತಾ?”

“ಗಾಢ ಅಂದ್ರೆ?”

“ಅದನ್ನೇ ನೀವು ಹೇಳ್ಬೇಕು.”

“ಪ್ರಶ್ನೆ ಕೇಳೋಳು ನೀನು, ಅರ್ಥ ಹೇಳೋಳು ನಾನಾ? ಚೆನ್ನಾಗಿದೆ.” ಒಂದು ಕಡ್ಡಿ ಮುರಿದು ಪಕ್ಕಕ್ಕಿಟ್ಟರು. “ಮೈಮರೆತು ಅಂತ ಕೇಳು, ಹೇಳ್ತೀನಿ. ನನ್ನ ಮಗ ಗೊರಕೆ ಹೊಡೆಯೋ ಮನೇಲಿ ಇನ್ನೊಬ್ರು ಮೈಮರೆಯೋದುಂಟಾ? ಈ ಮನೇಲಿ ನಿದ್ದೆ ಅಂತ ಮಾಡೋನು ಅವನೊಬ್ಬನೇ. ಅವರಪ್ಪನೂ ಹಾಗೇ. ಗೋಡೆ ನಡುಗೋ ಹಾಗೆ ಗೊರಕೆ. ಐವತ್ತೆರಡಕ್ಕೆ ಮಲಗಿದವರು ಮಲಗಿದ ಹಾಗೇ ಹೋದ್ರು, ಒಂದು ನರಳಾಟ ಇಲ್ಲ. ಪುಣ್ಯವಂತರು.”

ನಾನು ‘ಗಾಢ ಅರ್ಥವಾಗಲಿಲ್ಲ, ಮೈಮರೆತು ಅರ್ಥವಾಯಿತು’ ಎಂದು ಬರೆದುಕೊಂಡೆ. ಅವತ್ತು ಅಷ್ಟೇ ತೋಚಿದ್ದು.

ಇವರು ಬಸ್ ಓಡಿಸುತ್ತಾರೆ. ಹತ್ತೊಂಬತ್ತು ವರ್ಷದ ಸರ್ವಿಸು, ಬಸ್ಸಿನ ಮೈಗೊಂದು ಗೀರು ಬಿದ್ದಿಲ್ಲ. ರಜೆಯ ದಿನ ಬೆಳಗ್ಗೆ ಬಾಗಿಲ ಬಳಿ ಪೇಪರ್ ಹಾಸಿಕೊಂಡು ಶೂ ಪಾಲಿಶ್ ಮಾಡುತ್ತ ಕೂತಿದ್ದರು.

“ರೀ, ಒಂದೈದು ನಿಮಿಷ. ನಿಮಗೆ ಗಾಢವಾಗಿ ನಿದ್ದೆ ಬರುತ್ತಾ?”

“ತಲೆ ಮೇಲೆ ಕಲ್ಲು ಹಾಕಿದ್ರೂ ಏಳಲ್ಲ ಅಂತ ನೀನೇ ಎಲ್ಲರ ಹತ್ರ ಹೇಳ್ಕೊಂಡು ಬರ್ತೀಯಲ್ಲ.”

“ನಾನು ಹೇಳೋದು ಬೇಡ, ನಿಮಗೇನನ್ಸುತ್ತೆ?”

“ನನಗೇನೇ ಗೊತ್ತು? ಆಗ ನಾನು ಮಲಗಿರ್ತೀನಿ.”

ವಕೀಲೆ ಒಳಗಿನಿಂದ, “ಆಕ್ಷೇಪಣೆ ಮಾನ್ಯ” ಎಂದಳು.

“ಎದ್ದಾಗ ಹೇಗಿರುತ್ತೆ?”

“ಹೇಗಿರುತ್ತೆ ಅಂದ್ರೆ? ಮಲಗೋಕೆ ಮುಂಚೆ ಎಷ್ಟು ಸುಸ್ತಿತ್ತೋ ಅದರ ಮೇಲೆ ಇನ್ನೊಂದು ಹಿಡಿ. ತಲೆ ಭಾರ. ಬಾಯಿ ಒಣಗಿರುತ್ತೆ.” ನನ್ನ ಮುಖ ನೋಡಿದರು. “ಯಾಕೆ, ಎಲ್ಲರಿಗೂ ಹಾಗೇ ಅಲ್ವಾ?”

ನನಗೆ ಗಲಿಬಿಲಿಯಾಯಿತು. ಇವರಿಗೆ ಪ್ರಶ್ನೆ ಅರ್ಥವಾಗಿಲ್ಲವೋ, ಉತ್ತರ ನನಗೆ ಅರ್ಥವಾಗುತ್ತಿಲ್ಲವೋ. ಒಂಬತ್ತನೆಯದಕ್ಕೆ ಬಂದೆ. ವಾಹನದಲ್ಲಿ ಕೂತಿದ್ದಾಗ ಗಾಢವಾಗಿ ನಿದ್ದೆ ಹೋದದ್ದು ಉಂಟಾ.

ಅವರು ಪಾಲಿಶ್ ಆಗಿದ್ದ ಶೂವನ್ನೇ ಮತ್ತೆ ಉಜ್ಜತೊಡಗಿದರು.

“ಗಾಢವಾಗಿ ಏನಲ್ಲ.”

“ಮತ್ತೆ?”

“ಹೀಗೆ ಒಂದು ಚಣ. ಸಿಗ್ನಲ್‌ನಲ್ಲಿ. ಹಿಂದಿನವರು ಹಾರ್ನ್ ಹೊಡೆದ್ರು, ಎಚ್ಚರ ಆಯ್ತು.”

“ಬಸ್ ನಿಂತಿತ್ತಾ?”

“ನಿಂತಿತ್ತು. ಅವತ್ತು ನಿಂತಿತ್ತು.”

ಅವತ್ತು ಎಂದರೆ ಬೇರೆ ಯಾವತ್ತೋ ನಿಂತಿರಲಿಲ್ಲ. ಅವರಿಗೂ ಬಾಯಿ ಜಾರಿದ್ದು ಗೊತ್ತಾಯಿತು. ಬ್ರಷ್ ಕೆಳಗಿಟ್ಟು, “ಇದನ್ನ ಆ ಹಾಳೆ ಮೇಲೆ ಬರೀಬೇಡ” ಎಂದರು.

ಬರೆಯುವ ಹಾಗೂ ಇರಲಿಲ್ಲ. ಉತ್ತರ ಬೇಡವೆಂದೇ ಅಲ್ಲವೇ ಮೇಡಂ ಹೇಳಿದ್ದು. ‘ಒಂಬತ್ತನೇ ಪ್ರಶ್ನೆ ಸರಿಯಾಗಿ ಅರ್ಥವಾಗಿದೆ’ ಎಂದು ಬರೆದೆ. ಬರೆದು ಅದನ್ನೇ ನೋಡುತ್ತ ಕೂತೆ.

ಮಧ್ಯಾಹ್ನ ಊಟವಾಗಿ ಅವರು ಅಡ್ಡಾದರು. ನಾನು ಆಲೂಗಡ್ಡೆ, ಚಾಕು ಹಿಡಿದು ಕೋಣೆಯ ಹೊಸ್ತಿಲಲ್ಲಿ ಕೂತೆ. ಹೊರಗೆ ಒಳ್ಳೆ ಬಿಸಿಲು. ಎರಡೇ ನಿಮಿಷಕ್ಕೆ ಗೊರಕೆ ಶುರುವಾಯಿತು, ಎಂದಿನ ಹಾಗೆ, ಏರುತ್ತ ಏರುತ್ತ. ಆಮೇಲೆ ನಿಂತಿತು. ಗೊರಕೆ ನಿಂತರೆ ಮಗ್ಗುಲು ಬದಲಿಸಿದರೆಂದು ಲೆಕ್ಕ. ಅವರು ಮಗ್ಗುಲು ಬದಲಿಸಿರಲಿಲ್ಲ. ಹೊಟ್ಟೆ ಮೇಲೆ ಕೆಳಗೆ ಒದ್ದಾಡುತ್ತಿತ್ತು, ಮೂಗಿನಿಂದ ಮಾತ್ರ ಏನೂ ಬರುತ್ತಿರಲಿಲ್ಲ. ಹತ್ತು ಎಣಿಸಿದೆ, ಇಪ್ಪತ್ತು ಎಣಿಸಿದೆ. ಇಪ್ಪತ್ತಾರಕ್ಕೆ, ನೀರಿನೊಳಗಿಂದ ತಲೆ ಎತ್ತಿದವರ ಹಾಗೆ ಒಮ್ಮೆ ಉಸಿರು ಕಿತ್ತುಕೊಂಡು ಬಂತು. ಮತ್ತೆ ಗೊರಕೆ. ಅರ್ಧ ಗಂಟೆಯಲ್ಲಿ ಹನ್ನೊಂದು ಸಲ ಹಾಗಾಯಿತು. ಆಲೂಗಡ್ಡೆ ಅರ್ಧ ಹೆಚ್ಚಿ ಹಾಗೇ ಇತ್ತು.

ಇಷ್ಟು ವರ್ಷ ಆ ಸದ್ದಿನ ಪಕ್ಕದಲ್ಲೇ ಮಲಗಿದ್ದೇನೆ. ಗೊರಕೆಗೆ ಬೈದಿದ್ದೇನೆ, ಕಿವಿಗೆ ಹತ್ತಿ ಇಟ್ಟುಕೊಂಡಿದ್ದೇನೆ, ನೆಂಟರ ಮುಂದೆ ನಗೆಯಾಡಿದ್ದೇನೆ. ಪಾಪ, ದುಡಿದು ಬಂದ ಜೀವ, ಹಾಯಾಗಿ ಮಲಗಲಿ ಎಂದು ಬಾಗಿಲು ಮೆಲ್ಲಗೆ ಹಾಕಿದ್ದೂ ಇದೆ. ಸದ್ದು ನಿಂತಾಗ ಏನಾಗುತ್ತದೆಂದು ಒಮ್ಮೆಯೂ ಕಿವಿಗೊಟ್ಟಿರಲಿಲ್ಲ.

ಮೇಡಂಗೆ ಫೋನ್ ಮಾಡಿದೆ. ಈ ಪ್ರಶ್ನಾವಳಿ ಮಾಡಿದ ವೈದ್ಯರನ್ನು ಒಂದು ಮಾತು ಕೇಳಬಹುದೇ ಎಂದೆ.

“ಯಾವ ಪದದ ಬಗ್ಗೆ?”

“ಪದ ಅಲ್ಲ. ಒಂಬತ್ತನೇ ಪ್ರಶ್ನೆಗೆ ಯಾರಾದ್ರೂ ಹೌದು ಅಂದ್ರೆ ಮುಂದೇನು ಅಂತ.”

“ಡಾಕ್ಟರಿಗೆ ತೋರಿಸ್ಬೇಕು, ಅಷ್ಟೇ. ಯಾರಾದ್ರೂ ಹಾಗಂದ್ರಾ?”

“ಇಲ್ಲ, ಸುಮ್ನೆ ಕೇಳಿದೆ” ಎಂದುಬಿಟ್ಟೆ. ಯಾಕೆ ಹಾಗೆಂದೆನೋ. ಡಿಪೋದಲ್ಲಿ ತಿಳಿದರೆ ಇವರನ್ನು ಸ್ಟೇರಿಂಗ್‌ನಿಂದ ಇಳಿಸುತ್ತಾರೆ. ತಿಳಿಯದಿದ್ದರೆ ನಾಳೆ ಬೆಳಗ್ಗೆ ನಲವತ್ತು ಸೀಟಿನ ಬಸ್ಸನ್ನು ಇವರೇ ತೆಗೆಯುತ್ತಾರೆ. ನನ್ನದು ಬಿಸಿತುಪ್ಪ ಬಾಯಿಗೆ ಬಿದ್ದವರ ಪಾಡಾಯಿತು.

ಸಂಜೆ ಅವರಿಗೆ ಹೇಳಿದೆ. ಇಪ್ಪತ್ತಾರರವರೆಗೆ ಎಣಿಸಿದ್ದನ್ನೂ ಹೇಳಿದೆ.

“ನಿನಗೆ ಎಣಿಸೋಕೆ ಬೇರೆ ಏನೂ ಸಿಗಲಿಲ್ವಾ?”

“ರೀ, ಉಸಿರೇ ಇರಲಿಲ್ಲ.”

“ಉಸಿರಿಲ್ದೆ ಯಾರಾದ್ರೂ ಗೊರಕೆ ಹೊಡೀತಾರಾ? ಗೊರಕೆ ಅಂದ್ರೇನೇ ನಿದ್ದೆ. ಪ್ರತಿ ವರ್ಷ ಡಿಪೋದಲ್ಲಿ ಕೇಳ್ತಾರೆ, ನಿದ್ದೆ ತೊಂದರೆ ಇದೆಯಾ ಅಂತ. ಇಲ್ಲ ಅಂತ ಗುರುತು ಹಾಕ್ತೀನಿ. ಅದು ಸುಳ್ಳಾ? ನಿದ್ದೆ ಬರದೇ ಇರೋನಿಗಲ್ವಾ ತೊಂದರೆ?”

ಅವರು ಸುಳ್ಳು ಹೇಳಿದವರ ಹಾಗೆ ಕಾಣುತ್ತಿರಲಿಲ್ಲ. ಅತ್ತೆ, “ಹಾಯಾಗಿ ಮಲಗೋನ ನಿದ್ದೆಗೆ ಕಣ್ಣು ಹಾಕ್ಬೇಡ ಕಣಮ್ಮ” ಎಂದರು.

ಆಗ ವಕೀಲೆ ಫೋನ್ ತಂದು ಊಟದ ಮೇಜಿನ ಮೇಲಿಟ್ಟಳು. ಮಧ್ಯಾಹ್ನ ನನ್ನ ಹಿಂದೆಯೇ ನಿಂತು ರೆಕಾರ್ಡ್ ಮಾಡಿದ್ದಳಂತೆ. ಗೆಳತಿಯರಿಗೆ ಕೇಳಿಸಿ ನಗಬೇಕೆಂದು ಶುರು ಮಾಡಿದ್ದು, ನನ್ನ ಮುಖ ನೋಡಿ ಯಾರಿಗೂ ಕಳಿಸಿರಲಿಲ್ಲ.

“ಅಪ್ಪಾ, ಸಾಕ್ಷಿ” ಎಂದಳು, ಆದರೆ ನಗಲಿಲ್ಲ.

ಗೊರಕೆ ಬಂತು. ಅವರು ಮೀಸೆಯಡಿ ನಕ್ಕು, “ಇದ್ಯಾರಪ್ಪ ಲಾರಿ ಸ್ಟಾರ್ಟ್ ಮಾಡ್ತಿರೋದು” ಎಂದರು. ನಿಂತಿತು. ಫೋನಿನೊಳಗೆ ಫ್ಯಾನಿನ ಸದ್ದು, ದೂರದಲ್ಲೆಲ್ಲೋ ಒಂದು ಸ್ಕೂಟರ್. ಅವರು ಕಾದರು. ಆಮೇಲೆ ಆ ಉಸಿರು ಕಿತ್ತು ಬಂದ ಸದ್ದಿಗೆ ಕುರ್ಚಿಯಲ್ಲೇ ಬೆಚ್ಚಿದರು.

“ಇನ್ನೊಂದ್ಸಲ ಹಾಕು.”

ಎರಡನೇ ಸಲ ಗೊರಕೆ ನಿಂತ ಕೂಡಲೇ ಅವರೂ ಉಸಿರು ಹಿಡಿದರು. ನಾವು ಮೂವರೂ ನೋಡುತ್ತಿದ್ದೆವು. ಕೆನ್ನೆ ಉಬ್ಬಿತು, ಕತ್ತಿನ ನರ ಎದ್ದಿತು, ಮುಖ ಕೆಂಪಾಯಿತು. ಸಾಕೆಂದು ಕೈ ಎತ್ತಿ ಉಸಿರು ಬಿಟ್ಟುಬಿಟ್ಟರು, ಹ್ಞಾ ಎಂದು ಎದೆ ತುಂಬ ಎಳೆದುಕೊಂಡರು. ಫೋನಿನೊಳಗಿನವರು ಇನ್ನೂ ಎಳೆದುಕೊಂಡಿರಲಿಲ್ಲ.

ಅತ್ತೆ ಮಗನ ಬೆನ್ನ ಮೇಲೆ ಕೈ ಇಟ್ಟವರು ತೆಗೆಯಲೇ ಇಲ್ಲ. “ಅವರಪ್ಪನೂ” ಎಂದು ಶುರು ಮಾಡಿ ನಿಲ್ಲಿಸಿದರು.

ಇವರು ಫೋನನ್ನು ಮಗಳ ಕಡೆಗೆ ಸರಿಸಿ, “ಹೋದ ತಿಂಗಳು ಸೇತುವೆ ಮೇಲೆ ಆಯ್ತು” ಎಂದರು. “ಮಧ್ಯಾಹ್ನದ ಟ್ರಿಪ್ಪು. ಸೇತುವೆ ಹತ್ತಿದ್ದು ನೆನಪಿದೆ, ಇಳಿದದ್ದು ನೆನಪಿಲ್ಲ. ಒಬ್ಬರಿಗೂ ಗೊತ್ತಾಗಲಿಲ್ಲ. ಎಲ್ಲರೂ ಇಳ್ಕೊಂಡು ಹೋದ್ರು.” ಆಮೇಲೆ ನನ್ನ ಕಡೆ ತಿರುಗಿ, “ಬೆಳಗ್ಗೆ ಡಿಪೋಗೆ ನೀನೂ ಬಾ. ನನಗೆ ಸರಿಯಾಗಿ ಹೇಳೋಕೆ ಬರಲ್ಲ” ಎಂದರು.

ಡಿಪೋದ ಡಾಕ್ಟರು ಅವತ್ತೇ ಅವರನ್ನು ರಸ್ತೆಯಿಂದ ತೆಗೆದರು. ಆಸ್ಪತ್ರೆಯಲ್ಲಿ ಮೈತುಂಬ ವೈರು ಅಂಟಿಸಿ ನಿದ್ದೆ ಪರೀಕ್ಷೆಯಾಯಿತು. ಗಂಟಲು ಕಟ್ಟಿಕೊಂಡು ಉಸಿರು ನಿಲ್ಲುತ್ತದೆ, ನಿಂತಾಗಲೆಲ್ಲ ಮಿದುಳು ಎಚ್ಚರವಾಗುತ್ತದೆ, ಹಾಗಾಗಿ ಇವರು ವರ್ಷಗಳಿಂದ ಸರಿಯಾಗಿ ನಿದ್ದೆಯನ್ನೇ ಮಾಡಿಲ್ಲ ಎಂದರು ಅಲ್ಲಿನವರು. ಮಲಗುವಾಗ ಮೂಗಿಗೆ ಕಟ್ಟಿಕೊಳ್ಳುವ ಗಾಳಿ ಯಂತ್ರ ಕೊಟ್ಟರು. ಎರಡು ತಿಂಗಳು ಬಸ್ ತೊಳೆಯುವ ಶೆಡ್ಡಿನಲ್ಲಿ ಕೆಲಸ. ಅದಾದ ಮೇಲೆ ಯಂತ್ರದಲ್ಲಿ ದಾಖಲಾದ ಉಸಿರಿನ ಲೆಕ್ಕ ನೋಡಿ ಸ್ಟೇರಿಂಗ್ ಕೊಡುವುದೋ ಬೇಡವೋ ತೀರ್ಮಾನ.

ಆ ಎರಡು ತಿಂಗಳು ನನ್ನ ಮನಸ್ಸು ತಿಳಿಯಾಗಲಿಲ್ಲ. ಶೆಡ್ಡಿನಿಂದ ಒದ್ದೆ ಪ್ಯಾಂಟಿನಲ್ಲಿ ಬರುತ್ತಿದ್ದರು. ಮೊದಲ ವಾರ ನನ್ನ ಜೊತೆ ಸರಿಯಾಗಿ ಮಾತಿಲ್ಲ. ಕೇಳಿದರೆ, “ನಿನ್ನ ಮೇಲೆ ಸಿಟ್ಟಿಲ್ಲ. ಯಾರ ಮೇಲೆ ಅಂತ ಗೊತ್ತಾಗ್ತಿಲ್ಲ” ಎನ್ನುತ್ತಿದ್ದರು. ಜೊತೆಯವರು ‘ನಿದ್ದೆಪ್ಪ’ ಎಂದು ಹೆಸರಿಟ್ಟರಂತೆ. ಗೊರಕೆ ಇಲ್ಲದೆ ಮನೆ ಎಷ್ಟು ನಿಶ್ಶಬ್ದವಾಯಿತೆಂದರೆ ಅವರು ಮಲಗಿದ್ದಾಗ ನಾನು ಒಗೆಯುವುದು ಬಿಟ್ಟು ಬಂದು ಎದೆ ಏಳುತ್ತಿದೆಯೇ ಎಂದು ಬಗ್ಗಿ ನೋಡುತ್ತಿದ್ದೆ. ಅತ್ತೆಯೂ ಹಾಗೇ ಬಂದು ನೋಡುತ್ತಿದ್ದರು. ಬಾಗಿಲಲ್ಲಿ ಒಬ್ಬರಿಗೊಬ್ಬರು ಡಿಕ್ಕಿ ಹೊಡೆದು, ಏನೋ ಹುಡುಕಲು ಬಂದವರ ಹಾಗೆ ನಟಿಸುತ್ತಿದ್ದೆವು.

ಪ್ರಶ್ನಾವಳಿಯ ಮೊದಲ ಪ್ರಶ್ನೆಗೆ ನಾನು, ‘ಎದ್ದಾಗ ಮೈ ಹಗುರ ಅನ್ನಿಸುತ್ತದೆಯೇ’ ಎಂದು ಬರೆದು ಕಳಿಸಿದ್ದೆ. “ಇದು ನಿಮ್ಮ ಸ್ವಂತ ಪ್ರಶ್ನೆ, ಅನುವಾದ ಅಲ್ಲ” ಎಂದು ಮೇಡಂ ಒಪ್ಪಲಿಲ್ಲ. ‘ಗಾಢವಾಗಿ’ ಎಂದೇ ಅಚ್ಚಾಯಿತು. ಅವರು ಹೇಳಿದ್ದು ತಪ್ಪೆಂದೂ ಅನ್ನಲಾರೆ.

ಎರಡು ತಿಂಗಳಾದ ಮೇಲೆ ಡಾಕ್ಟರು ಒಪ್ಪಿದರು. ಮೊದಲ ದಿನದ ಟ್ರಿಪ್ಪು ಮಧ್ಯಾಹ್ನದ್ದು, ಅದೇ ಸೇತುವೆಯ ದಾರಿ. ಪಾತ್ರೆ ತೊಳೆದಿಟ್ಟು, ಅತ್ತೆಗೆ ಅಂಗಡಿಗೆಂದು ಹೇಳಿ, ನಾನು ಸ್ಟಾಪಿನಲ್ಲಿ ಹೋಗಿ ನಿಂತೆ. ಬಾಗಿಲು ತೆರೆಯಿತು.

“ಎಲ್ಲಿಗೆ?” ಎಂದರು ಇವರು.

“ಕೊನೇ ಸ್ಟಾಪಿಗೆ.”

“ಅಲ್ಲೇನಿದೆ ನಿನಗೆ?”

“ಗೊತ್ತಿಲ್ಲ. ಹೋಗಿ ನೋಡ್ತೀನಿ.”

ಅವರು ಮತ್ತೆ ಕೇಳಲಿಲ್ಲ. ಕನ್ನಡಿಯಲ್ಲಿ ಅವರ ಕಣ್ಣು ಕಾಣುವ ಸೀಟು ಹುಡುಕಿ ಕೂತೆ. ಸಿಗ್ನಲ್‌ನಲ್ಲಿ ನಿಂತಾಗಲೆಲ್ಲ ಕಣ್ಣನ್ನೇ ನೋಡಿದೆ, ರೆಪ್ಪೆ ಮುಚ್ಚಿದರೆ ಮತ್ತೆ ತೆರೆಯುವವರೆಗೆ ಎಣಿಸಿದೆ. ಎರಡು ತಿಂಗಳು ನಾನೂ ಸರಿಯಾಗಿ ಮಲಗಿರಲಿಲ್ಲ. ಸೇತುವೆ ಬಂತು. ಹತ್ತಿದ್ದು ನನಗೆ ನೆನಪಿದೆ.

ಯಾರೋ ಭುಜ ಅಲ್ಲಾಡಿಸುತ್ತಿದ್ದರು. ಕಣ್ಣು ಬಿಟ್ಟರೆ ಗೊತ್ತಿಲ್ಲದ ಗೋಡೆ, ಗೊತ್ತಿಲ್ಲದ ಮರ, ಖಾಲಿ ಸೀಟುಗಳು. ಯಾವ ಊರು, ಎಷ್ಟು ಹೊತ್ತು, ಬೆಳಗೋ ಸಂಜೆಯೋ ಒಂದೂ ಹೊಳೆಯಲಿಲ್ಲ. ಎದುರಿಗೆ ಯೂನಿಫಾರ್ಮಿನಲ್ಲಿ ಇವರು.

“ಏಳೇ, ಕೊನೇ ಸ್ಟಾಪು. ಎಲ್ಲರೂ ಇಳಿದು ಹೋದ್ರು.”

“ಸೇತುವೆ?” ಎಂದೆ.

“ದಾಟಿ ಅರ್ಧ ಗಂಟೆ ಆಯ್ತು.”

“ನೀವು?”

“ನಾನೇ ದಾಟಿಸಿದ್ದು” ಎಂದರು. ನೀರಿನ ಬಾಟಲಿ ನನ್ನ ಕೈಗಿಟ್ಟು, ಕೆಳಗಿಳಿದು ಟಯರುಗಳನ್ನು ಒಂದೊಂದಾಗಿ ಒದ್ದು ನೋಡತೊಡಗಿದರು.