ಆರು ಗೂಡಿನ ಐಸ್‌ಕ್ಯಾಂಡಿ ಅಚ್ಚು

ನಾನು ಒಂದು ಐಸ್‌ಕ್ಯಾಂಡಿ ಅಚ್ಚು. ಹಸಿರು ಪ್ಲಾಸ್ಟಿಕ್ಕಿನ ಮೈ, ಸಾಲಾಗಿ ಆರು ಗೂಡು, ಒಂದೊಂದು ಗೂಡಿಗೂ ಕಡ್ಡಿ ಅಂಟಿಕೊಂಡ ಒಂದೊಂದು ಮುಚ್ಚಳ. ಹುಟ್ಟಿದ್ದು ಹೈದರಾಬಾದಿನ ಹೊರಗಿನ ಒಂದು ಸಣ್ಣ ಕಾರ್ಖಾನೆಯಲ್ಲಿ. ಅಲ್ಲಿ ಪ್ಲಾಸ್ಟಿಕ್ ಕಾಳುಗಳನ್ನು ಕಾಯಿಸಿ ಕರಗಿಸಿ ಕಬ್ಬಿಣದ ಅಚ್ಚಿನೊಳಗೆ ಒತ್ತುತ್ತಾರೆ. ಅಂದರೆ ನಾನು ಅಚ್ಚಿನ ಹೊಟ್ಟೆಯಲ್ಲಿ ಹುಟ್ಟಿದ ಅಚ್ಚು. ಹುಟ್ಟಿದ್ದು ಬೆಂಕಿಯಲ್ಲಿ, ಬಾಳಬೇಕಾದದ್ದು ಮಂಜುಗಡ್ಡೆಯಲ್ಲಿ. ಹಣೆಬರಹ ಅನ್ನದೆ ಇದಕ್ಕೆ ಬೇರೇನು ಅನ್ನಲಿ?

ಅಲ್ಲಿಂದ ರಾಯಚೂರಿಗೆ ಬಂದು ಒಂದು ಪಾತ್ರೆ ಅಂಗಡಿಯ ಬಾಗಿಲಲ್ಲಿ ಸುತಳಿಗೆ ಜೋತುಬಿದ್ದೆ. ಎರಡು ಬೇಸಿಗೆ ಹಾಗೇ ಕಳೆಯಿತು. ಬಂದವರೆಲ್ಲ ನನ್ನನ್ನು ಇಳಿಸುವರು, ಗೂಡಿನೊಳಗೆ ಬೆರಳಿಟ್ಟು ನೋಡುವರು, ಮಕ್ಕಳಿಗೆ ನೆಗಡಿಯಾದೀತೆಂದು ಮತ್ತೆ ತೂಗುಹಾಕುವರು. ನನ್ನಿಂದ ಇನ್ನೂ ಯಾರ ಮೂಗೂ ಸೋರಿರಲಿಲ್ಲ, ಆಗಲೇ ಕೆಟ್ಟ ಹೆಸರು ಬಂದಿತ್ತು.

ಮೂರನೆಯ ಬೇಸಿಗೆಯಲ್ಲಿ ಇಂದುಮತಿ ಬಂದಳು. ಅವಳು ಹತ್ತಿ ಗಿರಣಿಯ ಗುಮಾಸ್ತ ಚನ್ನಬಸಪ್ಪನ ಹೆಂಡತಿ. ಬೆರಳಿಟ್ಟು ನೋಡಲಿಲ್ಲ, ಚೌಕಾಸಿ ಮಾಡಲಿಲ್ಲ, ಕಂಕುಳಲ್ಲಿದ್ದ ಮಗಳು ಭುವನಾಳ ಕೈಗೆ ನನ್ನನ್ನು ಕೊಟ್ಟು ನಡೆದೇಬಿಟ್ಟಳು. ಮನೆಯಲ್ಲಿ ಅತ್ತೆ ಬಸಲಿಂಗಮ್ಮ, ಗಂಡ, ಮಗಳು, ಈಗ ನಾನು.

ಇಂದುಮತಿಯ ಕೈ ಹದವಾದ ಕೈ. ಬೇನಿಶಾನ್ ಮಾವಿನ ತಿರುಳನ್ನು ಹಾಲಿನಲ್ಲಿ ಕಡೆದು ಹಾಕುವಳು. ಕಲ್ಲಂಗಡಿಯಾದರೆ ಬೀಜ ತೆಗೆದು, ನಿಂಬೆರಸ ಹಿಂಡಿ, ಚಿಟಿಕೆ ಉಪ್ಪು. ಗೂಡನ್ನು ಎಂದೂ ತುಂಬಾ ತುಂಬಿಸುತ್ತಿರಲಿಲ್ಲ, ಮೇಲೆ ಅರ್ಧ ಬೆರಳು ಬಿಡುತ್ತಿದ್ದಳು. ರಸ ಗಟ್ಟಿಯಾಗುವಾಗ ಉಬ್ಬುತ್ತದೆ, ಅದಕ್ಕೂ ಜಾಗ ಬೇಕು. ಫ್ರಿಜ್ಜಿನ ಮೇಲುಗೂಡಿನಲ್ಲಿ ನನ್ನನ್ನು ಇಟ್ಟು ಬಾಗಿಲು ಹಾಕಿದರೆ ಒಳಗೆ ಕತ್ತಲೆ, ಚಳಿ, ಮಾತಿಗೆ ಯಾರೂ ಇಲ್ಲ. ಆದರೂ ನನಗೆ ಬೇಸರವಿರಲಿಲ್ಲ. ಭುವನಾ ತಾಸಿಗೊಮ್ಮೆ ಬಾಗಿಲು ತೆಗೆದು, ಆಯಿತೋ ಇಲ್ಲವೋ ಎಂದು ಬೆರಳಲ್ಲಿ ಒತ್ತಿ ನೋಡಿ ಹೋಗುತ್ತಿದ್ದಳು.

ಭುವನಾಳಿಗೆ ಏಳು ತುಂಬಿದ ವರ್ಷ ಇಂದುಮತಿಗೆ ಕಾಮಾಲೆ ಬಂತು. ಒಂದು ಮುಂಜಾನೆ ನನ್ನ ಆರೂ ಗೂಡಿಗೆ ಕಪ್ಪು ದ್ರಾಕ್ಷಿ ರಸ ತುಂಬಿಟ್ಟವಳು ಆಸ್ಪತ್ರೆಗೆ ಹೋದಳು. ಇಪ್ಪತ್ತು ದಿನ ಕಳೆದ ಮೇಲೆ ಉಸಿರು ನಿಂತ ಅವಳನ್ನು ಮನೆಗೆ ಹೊತ್ತು ತಂದರು.

ಆ ದ್ರಾಕ್ಷಿ ರಸ ನನ್ನೊಳಗೇ ಉಳಿಯಿತು. ಭುವನಾ ದಿನಾ ಬಾಗಿಲು ತೆಗೆಯುತ್ತಿದ್ದಳು, ನೋಡುತ್ತಿದ್ದಳು, ಮುಚ್ಚುತ್ತಿದ್ದಳು. ಬೆರಳಿಟ್ಟು ಒತ್ತುತ್ತಿರಲಿಲ್ಲ. ಒಂದು ದಿನ ಅಜ್ಜಿ ಫ್ರಿಜ್ಜು ತೊಳೆಯಲು ಕೂತು, ಹಳೆಯದಾಯಿತೆಂದು ಎಲ್ಲವನ್ನೂ ಮೋರಿಗೆ ಸುರಿದಳು. ಶಾಲೆಯಿಂದ ಬಂದ ಹುಡುಗಿ ಮೋರಿಯ ಬಾಯಲ್ಲಿ ಉಳಿದ ನೇರಳೆ ಬಣ್ಣ ನೋಡಿ ಊರು ಕೇಳುವಂತೆ ಅತ್ತಳು. ಮುದುಕಿಗೂ ತಪ್ಪು ತಿಳಿಯಿತು, ಆದರೆ ಸುರಿದದ್ದನ್ನು ತುಂಬಿಸಲು ಯಾರಿಂದಾದೀತು? ನನ್ನನ್ನು ಕಂಡರೆ ಮಗು ಅಳುತ್ತದೆಂದು ಅಟ್ಟಕ್ಕೆ ಏರಿಸಿದರು.

ಅಟ್ಟದಲ್ಲಿ ಎರಡು ವರ್ಷ. ಒಂದು ಕಡೆ ತೂತಾದ ಕೊಡ, ಇನ್ನೊಂದು ಕಡೆ ಹಳೆ ಹಾಸಿಗೆ. ರಾಯಚೂರಿನ ಬಿಸಿಲಿಗೆ ಸೂರು ಕಾಯ್ದು ಮೈ ಮೆತ್ತಗಾಗುತ್ತಿತ್ತು. ಕೆಳಗೆ ಬೇಸಿಗೆ ಬಂದದ್ದು, ಮಾವು ಬಂದದ್ದು ವಾಸನೆಯಿಂದಲೇ ತಿಳಿಯುತ್ತಿತ್ತು, ಯಾರೂ ನನ್ನನ್ನು ಕರೆಯುತ್ತಿರಲಿಲ್ಲ. ಫ್ರಿಜ್ಜಿನ ಕತ್ತಲೆಗೂ ಅಟ್ಟದ ಕತ್ತಲೆಗೂ ಎಷ್ಟು ವ್ಯತ್ಯಾಸವಿದೆ ಎಂದು ಅಲ್ಲಿ ಕಲಿತೆ. ಫ್ರಿಜ್ಜಿನಲ್ಲಿ ಕಾಯುವುದಕ್ಕೆ ಏನಾದರೂ ಇರುತ್ತಿತ್ತು.

ಹೀಗಿರುವಾಗ ಚನ್ನಬಸಪ್ಪ ಲಿಂಗಸುಗೂರಿನಿಂದ ರೇಣುಕಾಳನ್ನು ಮದುವೆಯಾಗಿ ಕರೆತಂದ. ಮೂವತ್ತು ದಾಟಿದ ಹೆಂಗಸು, ಮೆಲುಮಾತು, ಕೆಲಸದಲ್ಲಿ ಚುರುಕು. ಆದರೆ ಒಂಬತ್ತು ವರ್ಷದ ಭುವನಾ ಅವಳ ಕೈಯಿಂದ ಒಂದು ಅಗುಳನ್ನೂ ತಿನ್ನಲಿಲ್ಲ. ಜಗಳವಿಲ್ಲ, ಬೈಗುಳವಿಲ್ಲ. ರೇಣುಕಾ ಬಡಿಸಿದ ತಾಟನ್ನು ಪಕ್ಕಕ್ಕೆ ಸರಿಸಿ, ಅಜ್ಜಿ ಬಡಿದ ರೊಟ್ಟಿ ಹುಡುಕಿ ತಿಂದು ಏಳುತ್ತಿದ್ದಳು. ರೇಣುಕಾಳೊಂದಿಗೆ ಮಾತೂ ಇಲ್ಲ. ಏನಾದರೂ ಬೇಕಾದರೆ ಗೋಡೆಗೆ ಹೇಳುವಂತೆ ಹೇಳುತ್ತಿದ್ದಳು.

ಅಜ್ಜಿಯ ಕೈ ಆಗಲೇ ನಡುಗತೊಡಗಿತ್ತು. ರೊಟ್ಟಿ ಬಡಿಯುವ ಸದ್ದು ದಿನದಿಂದ ದಿನಕ್ಕೆ ತಡವಾಗುತ್ತಿತ್ತು. ಆ ಸದ್ದು ನಿಂತುಹೋದ ದಿನ ಈ ಹುಡುಗಿ ಏನು ತಿಂದಾಳು? ರೇಣುಕಾಳ ನಿದ್ದೆ ಕೆಡಿಸಿದ ಚಿಂತೆ ಅದೊಂದೇ. ಹುಡುಗಿಯ ತೋಳು ಸೊರಗಿದ್ದನ್ನು ನೆರೆಯವರೂ ನೋಡಿದ್ದರು. ಮಲತಾಯಿ ಎಂದಮೇಲೆ ಅವರಿಗೆ ಬೇರೆ ಸಾಕ್ಷಿ ಬೇಕಿರಲಿಲ್ಲ.

ಹಾಸಿಗೆ ಇಳಿಸಲು ಅಟ್ಟ ಹತ್ತಿದ ರೇಣುಕಾಳ ಕೈಗೆ ನಾನು ಸಿಕ್ಕೆ. ಮುಚ್ಚಳದ ಧೂಳು ಸೆರಗಿನಿಂದ ಒರೆಸಿ, ಇದು ಯಾರದೆಂದು ಅತ್ತೆಯನ್ನು ಕೇಳಿದಳು. ಬಸಲಿಂಗಮ್ಮ ಎಲ್ಲವನ್ನೂ ಹೇಳಿದಳು. ಯಾವ ಮಗುವಾದರೂ ಈ ಬಿಸಿಲಲ್ಲಿ ಐಸ್‌ಕ್ಯಾಂಡಿ ಬೇಡವೆಂದೀತೇ ಎಂದು ರೇಣುಕಾ ಅಂದುಕೊಂಡಳು. ಅವಳ ಲೆಕ್ಕ ಸರಿಯಾಗಿಯೇ ಇತ್ತು, ಆದರೆ ಕೈಗೆ ಅಭ್ಯಾಸವಿರಲಿಲ್ಲ. ಮಾವಿನ ರಸವನ್ನು ಗೂಡಿನ ಅಂಚಿನವರೆಗೂ ತುಂಬಿಸಿದಳು. ರಸ ಉಬ್ಬಿ ಮುಚ್ಚಳಗಳೆಲ್ಲ ವಾರೆಯಾಗಿ ನಿಂತವು. ಬಿಡಿಸಲು ನನ್ನನ್ನು ನಲ್ಲಿಯ ಕೆಳಗೆ ಹಿಡಿದಳು. ಏಪ್ರಿಲ್ ತಿಂಗಳ ರಾಯಚೂರಿನಲ್ಲಿ ನಲ್ಲಿಗೆ ಬರುವುದೇ ಬಿಸಿನೀರು. ಒಂದೊಂದು ಕ್ಯಾಂಡಿಯೂ ಅಲ್ಲೇ ಅರ್ಧ ಕರಗಿ ಜಾರಿತು.

ಉಳಿದರ್ಧ ಕರಗಿದ್ದು ಮನೆಯ ಪದ್ಧತಿಯಿಂದ. ಆ ಮನೆಯಲ್ಲಿ ಎರಡನೆಯ ಹೆಂಡತಿ ಹೊಸದಾಗಿ ಏನು ಮಾಡಿದರೂ ಮೊದಲು ತೀರಿಹೋದವಳ ಫೋಟೋದ ಮುಂದೆ ಎಡೆ ಹಿಡಿಯಬೇಕು. ಬಾಗಿಲು ಮುಚ್ಚಿ ಸ್ವಲ್ಪ ಹೊತ್ತು ಹೊರಗೆ ಕೂರಬೇಕು. ಹೋದವಳು ಬಂದು ಮುಟ್ಟಿದಳು ಎಂದ ಮೇಲೆ ಉಳಿದವರ ಊಟ. ಅದರಲ್ಲೂ ಬಸಲಿಂಗಮ್ಮ ಕಟ್ಟುನಿಟ್ಟು: ಒಂದನ್ನು ಎಡೆಗಿಟ್ಟು ಐದನ್ನು ಒಳಗಿಟ್ಟುಕೊಳ್ಳುವ ಹಾಗಿಲ್ಲ, ಮಾಡಿದ್ದೆಲ್ಲ ಮುಂದಿಡಬೇಕು, ಇಲ್ಲದಿದ್ದರೆ ಕದ್ದಿಟ್ಟಂತೆ. ಕಡುಬಿಗೆ, ಹೋಳಿಗೆಗೆ ಈ ಪದ್ಧತಿ ಚೆನ್ನ. ಐಸ್‌ಕ್ಯಾಂಡಿಗೆ? ಬಾಗಿಲು ತೆಗೆದಾಗ ತಾಟಿನ ತುಂಬ ಮಾವಿನ ಸಾರು, ನಡುವೆ ಆರು ಬೋಳು ಕಡ್ಡಿ.

ಬಸಲಿಂಗಮ್ಮನಿಗೆ ಮಾತ್ರ ಸಂತೋಷ. ಇಂದುಮತಿ ಒಪ್ಪಿಕೊಂಡಳೆಂದು ಕೈ ಮುಗಿದಳು. ತಿಂದದ್ದು ಬಿಸಿಲು, ಹೆಸರು ಇಂದುಮತಿಯದು. ಭುವನಾ ಬಾಗಿಲ ಚೌಕಟ್ಟಿಗೆ ಒರಗಿ ನಿಂತು ತಾಟನ್ನೇ ನೋಡಿದಳು, ಉಗುಳು ನುಂಗಿದಳು, ಒಳಗೆ ಹೋದಳು. ರೇಣುಕಾ ಆ ಸಾರನ್ನು ಲೋಟಕ್ಕೆ ಬಗ್ಗಿಸಿ ಒಬ್ಬಳೇ ಕುಡಿದಳು.

ಮುಂದಿನ ವಾರ ಕರಬೂಜ, ಅದರ ಮುಂದಿನ ವಾರ ಕಲ್ಲಂಗಡಿ. ಎರಡು ಸಲವೂ ಅದೇ ಕಥೆ. ತೊಳೆದು ಬೋರಲು ಹಾಕಿದ ಮೇಲೆ ಕಟ್ಟೆಯ ಮೇಲಿಂದ ನಾನು ಆ ಹೆಂಗಸನ್ನು ನೋಡುತ್ತಿದ್ದೆ. ಅವಳಷ್ಟು ಒಂಟಿಯಾದವರನ್ನು ನಾನು ಕಂಡಿಲ್ಲ. ತುಂಬಿದ ಮನೆಯಲ್ಲಿ ಅಡುಗೆ ಮಾಡಿ, ಯಾರಿಗಾಗಿ ಮಾಡಿದ್ದೋ ಅವರೇ ತಿನ್ನಲಿಲ್ಲವೆಂದರೆ ಅದು ಎಂಥ ಒಂಟಿತನ ಎಂದು ನನಗೆ ಗೊತ್ತಿತ್ತು. ಖಾಲಿ ಗೂಡಿಗೆ ಅದು ಗೊತ್ತಿರದೆ ಇನ್ನಾರಿಗೆ ಗೊತ್ತಿರುತ್ತದೆ?

ನಾಲ್ಕನೆಯ ಸಲ ಅವಳು ದ್ರಾಕ್ಷಿ ತಂದಳು. ಅರ್ಧ ಬೆರಳು ಜಾಗ ಬಿಟ್ಟು ತುಂಬಿಸಿದಳು, ಸೋತು ಸೋತು ಅಷ್ಟು ಕಲಿತಿದ್ದಳು. ಈ ಬಾರಿ ಕ್ಯಾಂಡಿಗಳನ್ನು ಬಿಡಿಸದೆ ನನ್ನನ್ನೇ ಇಡಿಯಾಗಿ ತಾಟಿನಲ್ಲಿಟ್ಟು ದೇವರ ಕೋಣೆಗೆ ತಂದಳು. ಕೈ ಮುಗಿದಳು, ಬಾಗಿಲು ಮುಚ್ಚಿದಳು. ಒಳಗೆ ನಾನು, ಎದುರಿಗೆ ಹಾರ ಹಾಕಿದ ಇಂದುಮತಿ. ನನ್ನನ್ನು ಮನೆಗೆ ತಂದವಳ ಮುಂದೆ ಅಷ್ಟು ದಿನಗಳ ಮೇಲೆ ಕೂತಿದ್ದೆ, ಹೇಳುವುದಕ್ಕೆ ಬಾಯಿ ಇರಲಿಲ್ಲ. ಅವಳೂ ಬರಲಿಲ್ಲ. ಗೂಡಿನ ಅಂಚಿನಲ್ಲಿ ರಸ ಸಡಿಲಾಗುವುದು ನನಗೆ ತಿಳಿಯುತ್ತಿತ್ತು.

ಬಾಗಿಲು ತೆರೆಯಿತು. ಬಂದವಳು ಭುವನಾ. ನೇರವಾಗಿ ಬಂದು ನನ್ನನ್ನು ಎರಡೂ ಅಂಗೈ ನಡುವೆ ಹಿಡಿದು ಸ್ವಲ್ಪ ಹೊತ್ತು ಉಜ್ಜಿ, ಒಂದು ಕಡ್ಡಿ ಎಳೆದಳು. ಕ್ಯಾಂಡಿ ಇಡಿಯಾಗಿ ಬಂತು. ಹಿಂದೆಯೇ ಬಸಲಿಂಗಮ್ಮ, ಅವಳ ಹಿಂದೆ ರೇಣುಕಾ.

"ಎಡಿ ಮುಟ್ಟಬ್ಯಾಡ ಭುವನಾ. ನಿಮ್ಮವ್ವ ಇನ್ನ ಮುಟ್ಟಿಲ್ಲ" ಅಂದಳು ಅಜ್ಜಿ.

"ನಮ್ಮವ್ವ ಕರಗಿದ್ದು ಎಂದೂ ಕುಡದಾಕಿ ಅಲ್ಲ. ಕಡದು ತಿಂತಿದ್ದಳು."

ಹಾಗೆಂದವಳೇ ತುದಿಯನ್ನು ಕಟುಮ್ಮನೆ ಕಡಿದಳು. ತುಟಿ ನೇರಳೆಯಾಯಿತು. ರೇಣುಕಾ ಉಸಿರು ಬಿಗಿಹಿಡಿದು ನಿಂತಿದ್ದಳು, ನಾನೂ ಅಷ್ಟೇ. ಹುಡುಗಿ ಅಗಿದಳು, ನುಂಗಿದಳು, ಗೋಡೆಯ ಕಡೆಗಲ್ಲ, ನೆಟ್ಟಗೆ ರೇಣುಕಾಳ ಮುಖ ನೋಡಿ ಮೊದಲ ಮಾತು ಆಡಿದಳು.

"ಚಿಗವ್ವಾ, ಸಕ್ಕರಿ ಭಾಳ ಆಗ್ಯಾದ."

ದೂರು ಕೇಳಿ ಯಾರಾದರೂ ಅಷ್ಟು ಸುಖಪಟ್ಟದ್ದನ್ನು ನಾನು ನೋಡಿಲ್ಲ. ರೇಣುಕಾ ಅಲ್ಲೇ ಕುಸಿದು ಕೂತು ಸೆರಗನ್ನು ಬಾಯಿಗೆ ಒತ್ತಿಕೊಂಡು ಅತ್ತಳು. ಭುವನಾಳಿಗೆ ಇದೆಲ್ಲ ಏಕೆಂದು ಅರ್ಥವಾಗಲಿಲ್ಲ. ಇನ್ನೊಂದು ಕಡ್ಡಿ ಎಳೆದು, ಕರಗುತ್ತದೆ ತಿನ್ನು ಎಂದು ಅವಳ ಕೈಗೆ ಕೊಟ್ಟಳು. ಬಸಲಿಂಗಮ್ಮ ಫೋಟೋವನ್ನೂ ಮೊಮ್ಮಗಳನ್ನೂ ನೋಡಿ, ಮುಟ್ಟುವವಳು ಮುಟ್ಟಿದಳು ಬಿಡು ಎಂದು ತಾನೂ ಒಂದಕ್ಕೆ ಕೈ ಚಾಚಿದಳು.

ಎಲ್ಲ ಒಂದೇ ದಿನಕ್ಕೆ ಸರಿಹೋಗಲಿಲ್ಲ. ಆ ಬೇಸಿಗೆಯೆಲ್ಲ ಹುಡುಗಿ ರೇಣುಕಾಳ ಕೈಯ ಕ್ಯಾಂಡಿಯನ್ನಷ್ಟೇ ತಿಂದಳು, ಸಾರು ಅನ್ನ ಮುಟ್ಟಲಿಲ್ಲ. ಮಳೆ ಬಿದ್ದಾಗ ಒಂದು ದಿನ ಉಪ್ಪಿಟ್ಟು ತಿಂದಳಂತೆ. ಬಸಲಿಂಗಮ್ಮ ರೊಟ್ಟಿ ಬಡಿಯುವುದನ್ನು ಬಿಟ್ಟ ವರ್ಷ, ಭುವನಾ ರೇಣುಕಾಳ ರೊಟ್ಟಿ ದಪ್ಪವೆಂದು ಗೊಣಗುತ್ತ ಎರಡು ತಿನ್ನುತ್ತಿದ್ದಳು. ನಾನು ಎಂಟು ಬೇಸಿಗೆ ದುಡಿದೆ. ಆಮೇಲೆ ಎರಡು ಗೂಡು ಬಿರುಕು ಬಿಟ್ಟು ಸೋರಿದವು. ರೇಣುಕಾ ಮೇಣ ಮೆತ್ತಿ ಇನ್ನೊಂದು ವರ್ಷ ನಡೆಸಿದಳು. ಹೊಸ ಫ್ರಿಜ್ಜು ಬಂದಾಗ ಹೊಸ ಅಚ್ಚೂ ಬಂತು. ಗುಜರಿಯವನು ಕೂಗಿಕೊಂಡು ಬಂದರೂ ರೇಣುಕಾ ನನ್ನನ್ನು ಕೊಡಲಿಲ್ಲ, ಮತ್ತೆ ಅಟ್ಟಕ್ಕೆ ಏರಿಸಿದಳು.

ಇಲ್ಲಿ ಯಾರೂ ಬರುವುದಿಲ್ಲ. ನನಗೆ ಬೇಸರವಿಲ್ಲ ಎಂದರೆ ಸುಳ್ಳಾದೀತು. ದಿನ ದೊಡ್ಡದು, ಸೂರು ಕಾಯುತ್ತದೆ, ಒಳಗೆ ತುಂಬಿಕೊಳ್ಳಲು ಏನೂ ಇಲ್ಲ. ನಾನು ಎಂದೂ ಹಣ್ಣಿನ ರುಚಿ ನೋಡಿದ್ದಲ್ಲ, ಹಿಡಿದು ಕೊಟ್ಟದ್ದಷ್ಟೆ. ಬಾಳೆಂದರೆ ಅಷ್ಟೇ ಏನೋ ಎಂದು ಸುಮ್ಮನಿರುತ್ತೇನೆ, ಕೆಳಗಿನ ದನಿಗಳಿಗೆ ಕಿವಿಗೊಟ್ಟು.

ಮೊನ್ನೆ ಮಧ್ಯಾಹ್ನ ಗೆಳತಿಯ ಮದುವೆಗೆಂದು ಭುವನಾ ಎರಡೂ ಕೈಗೆ ಮೆಹೆಂದಿ ಹಚ್ಚಿಸಿಕೊಂಡು ಬಂದಿದ್ದಳು. ಈಗ ಅವಳು ಕಾಲೇಜು ಓದುವ ಹುಡುಗಿ. ಒಣಗಲಿ ಎಂದು ಬಹಳ ಹೊತ್ತು ಕೂತಿದ್ದಳೆಂದು ಕಾಣುತ್ತದೆ. ಆಮೇಲೆ ಅಡುಗೆಮನೆಯ ಕಡೆಗೆ ಕೂಗಿದಳು.

"ಚಿಗವ್ವಾ, ಹಸಿವಾಗ್ಯಾದ. ಉಣಿಸಿಬಿಡು."

ರೇಣುಕಾ ನೀರು ಬಿಟ್ಟು ಕೈ ತೊಳೆದ ಸದ್ದು ಕೇಳಿತು, ತಾಟಿನ ಸದ್ದು ಕೇಳಿತು. ಅದಾದ ಮೇಲೆ ಭುವನಾಳ ಮಾತಿಲ್ಲ, ಅವಳ ಬಾಯಿ ತುಂಬಿತ್ತು.