ಒಂಬತ್ತನೆಯ ಶುಕ್ರವಾರ

ಮಗಳು ಲಿಗಾಯಾಳ ಜ್ವರ ಇಳಿಯಲೆಂದು ರೊಸೆಂಡಾ ಹರಕೆ ಹೊತ್ತಿದ್ದಳು: ಬಿಡದೆ ಒಂಬತ್ತು ಶುಕ್ರವಾರ, ಇಗರ್ಜಿಯ ಬಾಗಿಲಿನಿಂದ ಪೀಠದವರೆಗೆ ಮಂಡಿಯಲ್ಲೇ ನಡೆಯುವುದು. ಎಂಟು ಮುಗಿದಿದ್ದವು. ಜ್ವರ ಏರುತ್ತಲೇ ಇತ್ತು. ಒಂಬತ್ತನೆಯ ಶುಕ್ರವಾರ ಹೋದರೆ ಬಾಗಿಲಿಗೆ ಅಡ್ಡ ಹಗ್ಗ. ಮನಿಲಾದಿಂದ ಸಿನಿಮಾದವರು ಬಂದಿದ್ದರು.

"ಶೂಟಿಂಗ್ ಇದೆ ಕಣಮ್ಮ, ನಾಳೆ ಬಾ," ಎಂದ ಕಾವಲಿನವನು.

"ನಾಳೆ ಶನಿವಾರ. ದೇವರಿಗೆ ವಾರ ಗೊತ್ತಿಲ್ಲ ಅಂದ್ಕೊಂಡ್ಯಾ?"

ಅವನು ಅವಳ ಕಪ್ಪುಗಟ್ಟಿದ ಮಂಡಿಗಳನ್ನು ನೋಡಿ ಒಳಗೆ ಓಡಿದ. ನಿರ್ದೇಶಕರೇ ಬಂದರು. ಹರಕೆ ತೀರಿಸುವ ತಾಯಿಯ ದೃಶ್ಯವಂತೆ; ನಾಯಕಿಯ ಮಂಡಿ ಆಗಲೇ ತರಚಿತ್ತಂತೆ.

"ಆಕೆ ಬದಲು ನೀನು ನಡಿ ತಾಯಿ. ಹಿಂದಿನಿಂದ ತೆಗೀತೀವಿ, ಮುಖ ಕಾಣಲ್ಲ."

ನಾಯಕಿಯ ಮುಸುಕು ಹೊದ್ದಾಗ ರೊಸೆಂಡಾಳಿಗೆ ಅಳುಕಾಯಿತು. ಇನ್ನೊಬ್ಬಳ ವೇಷದಲ್ಲಿ ಹೋದರೆ ದೇವರು ಯಾರ ಮೊರೆ ಕೇಳಿಯಾನು? ಮಂಡಿಯಂತೂ ನನ್ನದೇ ಎಂದುಕೊಂಡು ಹೊರಟಳು. ಅರ್ಧ ದಾರಿಗೆ "ಕಟ್!" ಎಂಬ ಕೂಗು ಬಿತ್ತು. ದೀಪ ಕೆಟ್ಟಿತ್ತು. ಇಬ್ಬರು ಬಂದು ಅವಳನ್ನು ಎತ್ತಿ ನಿಲ್ಲಿಸಿದರು.

ನಡುವೆ ಎದ್ದರೆ ಹರಕೆ ಮುರಿದಂತೆ. ದೀಪ ಸರಿಯಾದೊಡನೆ ಬಾಗಿಲಿನಿಂದಲೇ ಮತ್ತೆ ಶುರುಮಾಡಿದಳು.

ಹತ್ತು ಬೆಂಚು ಉಳಿದಿದ್ದಾಗ ನಾದಿನಿ ಇಸ್ಯಾಂಗ್ ಹಗ್ಗದಡಿ ನುಸುಳಿ ಬಂದಳು.

"ಅತ್ತಿಗೆ, ಏಳಿ! ಮಗು ನಿಮ್ಮನ್ನೇ ಕರೀತಿದೆ, ಕಣ್ಣು ಮೇಲಕ್ಕೆ ಹೋಗ್ತಿದೆ!"

"ಇನ್ನೊಂದ್ ಚೂರು ಕಣೆ. ಈಗ ಎದ್ರೆ ಅವಳು ಉಳಿಯಲ್ಲ."

"ನಿಮ್ಮ ಹರಕೆಗಿಷ್ಟು ಬೆಂಕಿ ಹಾಕ! ನೀವು ಹೆತ್ತ ತಾಯಿನೋ, ಕಲ್ಲುಕಂಬಾನೋ?"

"ನಿಲ್ಲಿಸ್ಬೇಡಿ, ತೆಗೀತಾ ಇರಿ," ಎಂದು ನಿರ್ದೇಶಕರು ಪಿಸುಗುಟ್ಟಿದರು.

ಇಸ್ಯಾಂಗ್ ಅಳುತ್ತ ಹೊರಟುಹೋದಳು. ರೊಸೆಂಡಾ ಒಂದೊಂದೇ ಬೆಂಚು ದಾಟಿದಳು. ಪೀಠದ ಕಲ್ಲು ಮುಟ್ಟಿದವಳೇ ಎದ್ದು ಮನೆಗೆ ಓಡಿದಳು.

ಪಕ್ಕದ ಮನೆಯವರು ಆಗಲೇ, ಸಾವಿನ ಮನೆಯ ರೂಢಿಯಂತೆ, ಕನ್ನಡಿಗೆ ಬಟ್ಟೆ ಹೊದಿಸುತ್ತಿದ್ದರು. ಇಸ್ಯಾಂಗ್ ಮಂಚದ ಪಕ್ಕ ಕೂತು ಮಗುವಿನ ಬೆರಳುಗಳಿಗೆ ಜಪಮಾಲೆ ಸುತ್ತುತ್ತಿದ್ದಳು.

"ನಾನು ಮುಗಿಸ್ದೆ ಕಣೆ ಇಸ್ಯಾಂಗ್," ಎಂದಳು ರೊಸೆಂಡಾ ಬಾಗಿಲಲ್ಲೇ ನಿಂತು. "ಪೂರ್ತಿ ಮುಗಿಸ್ದೆ."

ಇಸ್ಯಾಂಗ್ ಜಪಮಾಲೆಯ ಶಿಲುಬೆಯನ್ನು ಮಗುವಿನ ಅಂಗೈಯಲ್ಲಿಟ್ಟು ಬೆರಳುಗಳನ್ನು ಮಡಿಸಿದಳು.